ಚಿಲಕವಿಲ್ಲದ ಮನೆಗಳು: ಸಿನಿಮಾದಿಂದ ಅರ್ಧಕ್ಕೆ ಎದ್ದುಹೋದವರಿಗೊಂದು ಬಹಿರಂಗ ಪತ್ರ

ಸಭಾಂಗಣ ಸಮಿತಿಯ ಹಿರಿಯರಿಗೆ, ಅರ್ಧಕ್ಕೆ ಎದ್ದುಹೋದ ಮೇಷ್ಟ್ರಿಗೆ, ಪೆನ್‌ಡ್ರೈವ್ ಹಿಡಿದು ಬಂದ ತಮ್ಮನಿಗೆ, ಕೊನೆವರೆಗೂ ಕೂತ ಎಲ್ಲರಿಗೂ,

ನಮಸ್ಕಾರ.

ಹೋದ ತಿಂಗಳ ಎರಡನೇ ಭಾನುವಾರ ನಮ್ಮ ಚಿತ್ರಕೂಟದಲ್ಲಿ 'ಸೆರ್ಬಿಸ್' ತೋರಿಸಿದೆವು. ಬ್ರಿಲ್ಯಾಂತೆ ಮೆಂಡೋಸಾ 2008ರಲ್ಲಿ ಮಾಡಿದ ಫಿಲಿಪ್ಪೀನೋ ಸಿನಿಮಾ. ಬಡತನದ ಜೊತೆಗೇ ಕಾಮದ ದೃಶ್ಯಗಳೂ ಅದರಲ್ಲಿವೆ. ಶುರುವಾದಾಗ 38 ಜನ ಇದ್ದಿರಿ. ದೀಪ ಹಾಕಿದಾಗ 14 ಜನ ಉಳಿದಿದ್ದಿರಿ. ಎದ್ದುಹೋದವರ ಮೇಲೆ ನನಗೆ ಸಿಟ್ಟಿಲ್ಲ. ಮನೆಯವರನ್ನು ಕರೆದುಕೊಂಡು ಬಂದವರಿಗೆ ಮುಜುಗರ ಆಗಿದ್ದು ನಿಜ. ಮೊದಲೇ ಸರಿಯಾಗಿ ಹೇಳದೇ ಇದ್ದದ್ದು ನನ್ನ ತಪ್ಪು. ಅದಕ್ಕೆ ಕ್ಷಮೆ ಕೇಳುತ್ತೇನೆ.

ಆದರೆ ಆಮೇಲೆ ಎರಡು ಮಾತು ಬಂದವು. ಸಮಿತಿಯ ಹಿರಿಯರು ಚೀಟಿ ಕಳಿಸಿದರು: ಬಡವರ ಕಷ್ಟ ತೋರಿಸುವ ಸಿನಿಮಾ ಬೇಕಾದರೆ ತೋರಿಸಿ, ಆ ಥರದ ದೃಶ್ಯಗಳನ್ನು ಮಾತ್ರ ತೆಗೆದು ತೋರಿಸಿ. ಅದೇ ಸಂಜೆ ಒಬ್ಬ ತಮ್ಮ ಬಂದು, "ಅಕ್ಕಾ, ಆ ದೃಶ್ಯಗಳಷ್ಟೇ ಕಾಪಿ ಮಾಡಿಕೊಡ್ತೀರಾ? ಮಿಕ್ಕಿದ್ದು ಬೋರು" ಅಂದ. ಒಬ್ಬರಿಗೆ ಮೈ ಬೇಡ, ಬಡತನ ಸಾಕು. ಇನ್ನೊಬ್ಬರಿಗೆ ಬಡತನ ಬೇಡ, ಮೈ ಸಾಕು. ಈ ಸಿನಿಮಾಗಳಲ್ಲಿ ಅವೆರಡನ್ನೂ ಬೇರೆ ಮಾಡೋಕೆ ಆಗಲ್ಲ. ಯಾಕೆ ಆಗಲ್ಲ ಅಂತ ಹೇಳಬೇಕು ಅನ್ನಿಸಿ ಇದನ್ನು ಬರೆಯುತ್ತಿದ್ದೇನೆ.

ನಾನು ಬೆಳೆದದ್ದು ವಠಾರದಲ್ಲಿ. ಒಂದು ಕೋಣೆ, ಒಂದು ಅಡುಗೆ ಮೂಲೆ, ಆರು ಜನ. ರಾತ್ರಿ ನಡುವೆ ಅಮ್ಮನ ಹಳೇ ಸೀರೆ ಕಟ್ಟಿದರೆ ಅದೇ ಗೋಡೆ. ನಾನು ಬಟ್ಟೆ ಬದಲಿಸಬೇಕಾದರೆ ಅಣ್ಣಂದಿರು ಹೊರಗೆ ಹೋಗಿ ನಿಲ್ಲಬೇಕು. ಮಳೆ ಬಂದರೆ ಮೂಲೆಗೆ ಮುಖ ಮಾಡಿ ನಿಲ್ಲುತ್ತಿದ್ದರು. ಪಕ್ಕದ ಮನೆಯ ಗಂಡ ಹೆಂಡತಿಯ ಜಗಳ, ರಾಜಿ, ಅಳು ಎಲ್ಲವೂ ನಮಗೆ ಗೊತ್ತಿತ್ತು. ನಮ್ಮದೂ ಅವರಿಗೆ ಗೊತ್ತಿತ್ತು. ಕೇಳಿಸಿದ್ದನ್ನು ಕೇಳಿಸಲೇ ಇಲ್ಲ ಅನ್ನುವ ಹಾಗೆ ಇರುವುದನ್ನು ನಾವು ಅ ಆ ಇ ಈ ಕಲಿಯುವ ಮೊದಲೇ ಕಲಿತಿದ್ದೆವು. ಒಳಗಿನಿಂದ ಚಿಲಕ ಹಾಕಿಕೊಳ್ಳಬಹುದಾದ ಕೋಣೆ ನನಗೆ ಮೊದಲು ಸಿಕ್ಕಿದ್ದು 27ನೇ ವಯಸ್ಸಿಗೆ, ಮದುವೆ ಆದ ಮೇಲೆ.

ಅದಕ್ಕೇ ಫಿಲಿಪ್ಪೀನ್ಸ್ ರಾಜಧಾನಿ ಮನಿಲಾದ ಸ್ಲಂಗಳ ಸಿನಿಮಾ ನೋಡುವಾಗ ನನ್ನ ಕಣ್ಣು ಮೊದಲು ಹೋಗುವುದು ಬಾಗಿಲ ಕಡೆಗೆ. ಬಾಗಿಲು ಇದೆಯಾ? ಇದ್ದರೆ ಚಿಲಕ ಇದೆಯಾ?

ಅಲ್ಲಿಯ ನಿರ್ದೇಶಕ ಲಿನೋ ಬ್ರೋಕಾ 1976ರಲ್ಲಿ 'ಇನ್ಸಿಯಾಂಗ್' ಮಾಡಿದರು. ಚಿತ್ರೀಕರಣ ನಡೆದದ್ದು ಮನಿಲಾದ ಟೋಂಡೋ ಕೊಳೆಗೇರಿಯಲ್ಲೇ. ಸಿನಿಮಾ ಶುರುವಾಗುವುದು ಕಸಾಯಿಖಾನೆಯಲ್ಲಿ, ಹಂದಿಗಳನ್ನು ಕಡಿಯುವಲ್ಲಿ. ನೋಡೋಕೆ ಕಷ್ಟ. ಆಮೇಲೆ ತಗಡು, ಹಲಗೆ, ರಟ್ಟು ಸೇರಿಸಿ ಮಾಡಿದ ಒಂದು ಮನೆ. ಅಪ್ಪ ಬಿಟ್ಟುಹೋಗಿದ್ದಾನೆ. ಅಮ್ಮ ತೋನ್ಯಾ ಮಾರುಕಟ್ಟೆಯಲ್ಲಿ ಮೀನು ಮಾರುತ್ತಾಳೆ. ಮಗಳು ಇನ್ಸಿಯಾಂಗ್ ಬಟ್ಟೆ ಒಗೆಯುತ್ತಾಳೆ. ಗಂಡನ ಕಡೆಯ ನೆಂಟರೂ ಅದೇ ಮನೆಯಲ್ಲಿ ತುಂಬಿಕೊಂಡಿದ್ದಾರೆ. ತೋನ್ಯಾ ಒಂದು ದಿನ ಅವರನ್ನೆಲ್ಲ ಹೊರಗೆ ಹಾಕುತ್ತಾಳೆ. ಯಾಕೆ ಅಂದರೆ ಡಾಡೋ ಬಂದಿರಲು ಜಾಗ ಬೇಕು. ಕಸಾಯಿಖಾನೆಯಲ್ಲಿ ಕೆಲಸ ಮಾಡುವವನು, ತೋನ್ಯಾಗಿಂತ ಚಿಕ್ಕವನು, ಅವಳ ಪ್ರಿಯಕರ.

ಇಲ್ಲಿ ನೋಡಿ. ಒಬ್ಬ ಹೆಂಗಸಿಗೆ ಒಬ್ಬ ಗಂಡಿನ ಜೊತೆ ಇರಬೇಕು ಅನ್ನುವ ಆಸೆ ಹುಟ್ಟಿದರೆ, ಮೊದಲು ಮಕ್ಕಳಿರುವ ಒಂದು ಕುಟುಂಬ ಬೀದಿಗೆ ಬೀಳಬೇಕು. ಇದು ಕಾಮದ ಕಥೆಯಾ, ಜಾಗದ ಕಥೆಯಾ? ನನಗೆ ಬಿಡಿಸಿ ಹೇಳೋಕೆ ಬರಲ್ಲ.

ಡಾಡೋ ಮನೆ ಸೇರಿದ ಮೇಲೆ ಅದೇ ಸೂರಿನಡಿ ಮಗಳ ಮೇಲೆ ಅತ್ಯಾಚಾರ ಮಾಡುತ್ತಾನೆ. ಅವಳು ಓಡಿಹೋಗಲು ಇನ್ನೊಂದು ಕೋಣೆ ಇಲ್ಲ. ಅಮ್ಮನಿಗೆ ಗೊತ್ತಾದಾಗ ಅವನು ತಪ್ಪನ್ನು ಹುಡುಗಿಯ ಮೇಲೆಯೇ ಹಾಕುತ್ತಾನೆ, ಅವಳೇ ಆಸೆ ಹುಟ್ಟಿಸಿದಳು ಅನ್ನುತ್ತಾನೆ. ಅಮ್ಮ ನಂಬುತ್ತಾಳೆ. ಮರೆಯೇ ಇಲ್ಲದ ಮನೆಯಲ್ಲಿ ಬೆಳೆದ ಹುಡುಗಿಗೆ 'ನೀನು ಯಾಕೆ ಕಣ್ಣಿಗೆ ಬಿದ್ದೆ' ಅಂತ ಕೇಳಿದ ಹಾಗೆ. ಇನ್ಸಿಯಾಂಗ್ ತನ್ನ ಪ್ರಿಯಕರ ಬೆಬೊಟ್‌ನ ಹತ್ತಿರ ಓಡುತ್ತಾಳೆ. ಅವನು ಅವಳನ್ನು ಲಾಡ್ಜಿಗೆ ಕರೆದೊಯ್ಯುತ್ತಾನೆ. ಬೆಳಗಾದಾಗ ಅವನಿಲ್ಲ.

ಮೇಷ್ಟ್ರೇ, ನೀವು ಎದ್ದುಹೋಗುವಾಗ ನನ್ನ ಹತ್ತಿರ ಬಂದು ಮೆಲ್ಲಗೆ ಹೇಳಿದಿರಿ, "ಬಡವರಿಗೂ ಮಾನ ಇರುತ್ತಮ್ಮಾ, ಹೀಗೆ ತೋರಿಸಬಾರದು" ಅಂತ. ಆ ಮಾತು ನನ್ನನ್ನು ಇವತ್ತಿಗೂ ಬಿಟ್ಟಿಲ್ಲ. ಮಾನ ಇರುತ್ತೆ, ನಿಜ. ಆದರೆ ಮಾನ ಮುಚ್ಚಿಕೊಳ್ಳಲು ಗೋಡೆ ಬೇಕು. ಗೋಡೆಗೆ ದುಡ್ಡು ಬೇಕು. ಆ ದುಡ್ಡು ಎಲ್ಲಿ ಹೋಯಿತು ಅನ್ನುವುದೇ ಬ್ರೋಕಾ ಅವರ ಪ್ರಶ್ನೆ.

ಅವರ 1975ರ ಸಿನಿಮಾ 'ಮನಿಲಾ: ಬೆಳಕಿನ ಉಗುರುಗಳಲ್ಲಿ' ಇದನ್ನು ಲೆಕ್ಕ ಸಮೇತ ಹೇಳುತ್ತದೆ. ಹೂಲಿಯೋ ಹಳ್ಳಿಯಿಂದ ಬಂದ ಹುಡುಗ. ಕೆಲಸ ಕೊಡಿಸುತ್ತೇವೆ, ಓದಿಸುತ್ತೇವೆ ಅಂತ ನಂಬಿಸಿ ಯಾರೋ ಪೇಟೆಗೆ ಕರೆತಂದಿದ್ದ ಅವನ ಹುಡುಗಿ ಲಿಗಾಯಾ ಎಲ್ಲೋ ಮಾಯವಾಗಿದ್ದಾಳೆ. ಅವಳನ್ನು ಹುಡುಕುತ್ತಾ ಕಟ್ಟಡದ ಕೂಲಿಗೆ ಸೇರುತ್ತಾನೆ. ದಿನಕ್ಕೆ 4 ಪೆಸೊ ಪಡೆದೆ ಅಂತ ಸಹಿ, ಕೈಗೆ ಬರುವುದು 2.50. ಜೊತೆಯ ಕೂಲಿಯೊಬ್ಬ ಕಟ್ಟಡದಿಂದ ಬಿದ್ದು ಸಾಯುತ್ತಾನೆ. ಹೂಲಿಯೋಗೆ ಕೆಲಸ ಹೋಗುತ್ತದೆ, ಮಲಗಲು ಜಾಗವಿಲ್ಲ, ಊಟವಿಲ್ಲ. ಆಗ ಗಂಡಸರಿಗೆ ಮೈ ಮಾರುವ ಹುಡುಗರ ಜೊತೆ ಸೇರುತ್ತಾನೆ. ಆ ದೃಶ್ಯಗಳನ್ನು ತೆಗೆದುಬಿಟ್ಟರೆ ಅಂತ ಒಮ್ಮೆ ಯೋಚನೆ ಮಾಡಿ. 4 ಪೆಸೊ, 2.50 ಪೆಸೊ ಅಂಕಿ ಉಳಿಯುತ್ತದೆ. ಆ ಒಂದೂವರೆ ಪೆಸೊ ಕೊನೆಗೆ ಯಾರ ಮೈಯಿಂದ ವಸೂಲಾಯಿತು ಅನ್ನುವುದು ಹೊರಟುಹೋಗುತ್ತದೆ.

ಕೊನೆಗೆ ಲಿಗಾಯಾ ಸಿಗುತ್ತಾಳೆ. ಇಬ್ಬರೂ ಬಾಡಿಗೆ ಕೋಣೆಗೆ ಹೋಗುತ್ತಾರೆ. ಅಲ್ಲಿ ಅವಳು ತನಗೆ ಏನೇನಾಯಿತು ಅಂತ ಹೇಳುತ್ತಾಳೆ. ಬರೀ ಹೇಳುತ್ತಾಳೆ. ನೆಮ್ಮದಿಯಾಗಿ ಅಳುವುದಕ್ಕೂ ಅವರು ಬಾಡಿಗೆ ಕೊಡಬೇಕು. ಈ ಸಿನಿಮಾಗಳಲ್ಲಿ ಲಾಡ್ಜು ಪದೇ ಪದೇ ಬರುವುದನ್ನು ನೋಡಿ ಕೆಲವರು ಮೂಗು ಮುರಿಯುತ್ತಾರೆ. ನನಗೆ ಅದು ಚಿಲಕವನ್ನು ಬಾಡಿಗೆಗೆ ಕೊಡುವ ಜಾಗವಾಗಿ ಕಾಣುತ್ತದೆ.

ಈಗ ಸಮಿತಿಯ ಹಿರಿಯರಿಗೆ ಒಂದು ಮಾತು. ಕತ್ತರಿ ಹಾಕಿದರೆ ಅಶ್ಲೀಲ ಹೋಗಿ ಒಳ್ಳೆಯದು ಉಳಿಯುತ್ತದೆ ಅಂತ ನೀವು ನಂಬಿದ್ದೀರಿ. ಫಿಲಿಪ್ಪೀನ್ಸ್‌ನಲ್ಲಿ ಆದದ್ದು ಸರಿಯಾಗಿ ಉಲ್ಟಾ.

1972ರ ಸೆಪ್ಟೆಂಬರಿನಲ್ಲಿ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಸೇನಾಡಳಿತ ಹೇರಿದರು. ಅದಕ್ಕೆ ಮೊದಲೇ ಅಲ್ಲಿ 'ಬೊಂಬಾ' ಅಂತ ಕರೆಯುವ ಸೆಕ್ಸ್ ಸಿನಿಮಾಗಳ ಅಲೆ ಬಂದಿತ್ತು. ಸರ್ಕಾರ ಅದನ್ನು ತಡೆಯಿತು. ಸ್ವಲ್ಪ ದಿನಕ್ಕೇ ಒದ್ದೆ ಬಟ್ಟೆಯ ನಾಯಕಿಯರು ಪರದೆಗೆ ಬಂದರು. ಆಮೇಲೆ 'ಬೋಲ್ಡ್' ಅನ್ನುವ ಹೆಸರಲ್ಲಿ ಅದೇ ಮತ್ತೆ ಬಂತು. ಅಂದರೆ ಮೈ ತೋರಿಸುವುದಕ್ಕೆ ಹೇಗೋ ದಾರಿ ಸಿಗುತ್ತಲೇ ಇತ್ತು. ಸ್ಲಂ ತೋರಿಸುವುದಕ್ಕೆ ಮಾತ್ರ ಅಡ್ಡಿ. 1974ರಲ್ಲಿ ಮನಿಲಾದಲ್ಲಿ ಮಿಸ್ ಯೂನಿವರ್ಸ್ ಸ್ಪರ್ಧೆ ನಡೆಯಿತು. 1976ರಲ್ಲಿ ಐಎಂಎಫ್, ವಿಶ್ವಬ್ಯಾಂಕಿನ ಸಭೆ ನಡೆಯಿತು. ವಿದೇಶಿ ಅತಿಥಿಗಳ ಕಣ್ಣಿಗೆ ಕೊಳೆಗೇರಿ ಬೀಳಬಾರದು ಅಂತ ರಸ್ತೆಯುದ್ದಕ್ಕೂ ಬಿಳಿ ಬಣ್ಣದ ಬೇಲಿ, ಗೋಡೆ ಎಬ್ಬಿಸಿದರು. ಮನೆಯೊಳಗೆ ಗೋಡೆ ಇಲ್ಲದ ಜನರಿಗೆ ಸರ್ಕಾರ ಕಟ್ಟಿಸಿಕೊಟ್ಟ ಗೋಡೆ ಅದು. ಇದನ್ನು ಓದಿದ ದಿನ ನನಗೆ ಊಟ ಸೇರಲಿಲ್ಲ.

ಇಷ್ಮಾಯೆಲ್ ಬರ್ನಾಲ್ 1980ರಲ್ಲಿ 'ರಾತ್ರಿಯ ಮನಿಲಾ' ಅನ್ನುವ ಸಿನಿಮಾ ಮಾಡಿದರು. ವೇಶ್ಯೆಯರು, ಡ್ರಗ್ಸ್, ಸಲಿಂಗಿಗಳು, ಕುರುಡಿ ಮಸಾಜ್ ಹುಡುಗಿ, ಟ್ಯಾಕ್ಸಿ ಚಾಲಕ, ಎಲ್ಲರೂ ಇರುವ ಒಂದು ಊರಿನ ರಾತ್ರಿ. ಸೆನ್ಸಾರ್ ತುಂಬಾ ಕತ್ತರಿಸಿತು. ಕತ್ತರಿಸಿದ್ದರಲ್ಲಿ ಒಂದು ಪದ ನನ್ನನ್ನು ಕಾಡುತ್ತದೆ: 'ಮನಿಲಾ'. ಹೆಸರಿನಿಂದಲೂ ಮಾತಿನಿಂದಲೂ ಊರಿನ ಹೆಸರನ್ನೇ ತೆಗೆಸಿದರು. ಚಿತ್ರ ಬಿಡುಗಡೆಯಾದದ್ದು 'ಕತ್ತಲಾದ ಮೇಲಿನ ಪಟ್ಟಣ' ಅನ್ನುವ ಅರ್ಥದ ಹೆಸರಿನಲ್ಲಿ. ಆಗ ಮಹಾನಗರದ ಗವರ್ನರ್ ಆಗಿದ್ದವರು ಅಧ್ಯಕ್ಷರ ಹೆಂಡತಿ ಇಮೆಲ್ಡಾ ಮಾರ್ಕೋಸ್. ಇಂಥದ್ದು ನಡೆಯುತ್ತದೆ ಅಂತ ಬೇಕಾದರೆ ಹೇಳಿ, ನಮ್ಮ ಊರಲ್ಲಿ ನಡೆಯುತ್ತದೆ ಅಂತ ಹೇಳಬೇಡಿ. ಅಷ್ಟೇ ತಾನೇ ಅದರ ಅರ್ಥ?

ಅದೇ ಇಮೆಲ್ಡಾ ಅವರ ಆಸೆಯಂತೆ ಕಡಲ ದಂಡೆಯಲ್ಲಿ ಮನಿಲಾ ಫಿಲ್ಮ್ ಸೆಂಟರ್ ಎದ್ದಿತು. 1982ರ ಜನವರಿಯ ಚಿತ್ರೋತ್ಸವಕ್ಕೆ ಮುಗಿಯಲೇಬೇಕು ಅಂತ ಹಗಲು ರಾತ್ರಿ ಕೆಲಸ. 1981ರ ನವೆಂಬರ್ 17ರ ಬೆಳಗಿನ ಜಾವ ಸಾರುವೆ ಕುಸಿದು ಕೂಲಿಗಳು ಹಸಿ ಕಾಂಕ್ರೀಟಿಗೆ ಬಿದ್ದರು. ಎಷ್ಟು ಜನ ಸತ್ತರು ಅನ್ನುವ ಲೆಕ್ಕದಲ್ಲಿ ಇವತ್ತಿಗೂ ಒಮ್ಮತವಿಲ್ಲ. ಚಿತ್ರೋತ್ಸವ ಮಾತ್ರ ಜನವರಿಯಲ್ಲೇ ನಡೆಯಿತು. ಆಮೇಲೆ ಅದೇ ಕಟ್ಟಡದಲ್ಲಿ ಸೆನ್ಸಾರ್ ಇಲ್ಲದೆ ಬೋಲ್ಡ್ ಸಿನಿಮಾಗಳನ್ನು ತೋರಿಸಿ ದುಡ್ಡು ಮಾಡಿದರು. ಕೂಲಿಯವರು ಬಿದ್ದು ಸಾಯುವುದನ್ನು ಬ್ರೋಕಾ ಪರದೆಯ ಮೇಲೆ ತೋರಿಸಿ ಆಗ ಆರೇ ವರ್ಷ ಆಗಿತ್ತು.

ಪೆನ್‌ಡ್ರೈವ್ ತಂದ ತಮ್ಮಾ, ಇಲ್ಲಿಂದ ನಿನಗೆ. ನಿನ್ನ ಮೇಲೂ ಸಿಟ್ಟಿಲ್ಲ, ನಿನ್ನ ವಯಸ್ಸು ನನಗೂ ಇತ್ತು. ನೀನು ಹುಡುಕುತ್ತಿರುವ ಥರದ ತುಣುಕುಗಳಲ್ಲಿ 'ಸ್ಕಾರ್ಪಿಯೋ ನೈಟ್ಸ್' ಅನ್ನುವ 1985ರ ಸಿನಿಮಾದ್ದೂ ಇರಬಹುದು. ಪೆಕೆ ಗಲ್ಲಾಗಾ ನಿರ್ದೇಶಿಸಿದ್ದು. ಬಾಡಿಗೆ ಮನೆಯ ಮಹಡಿಯಲ್ಲಿ ಒಬ್ಬ ಕಾಲೇಜು ಹುಡುಗ. ಕೆಳಗೆ ಒಬ್ಬ ಸೆಕ್ಯುರಿಟಿ ಗಾರ್ಡ್, ಅವನ ಹೆಂಡತಿ. ನೆಲದ ಹಲಗೆಯಲ್ಲಿ ಒಂದು ತೂತು. ಹುಡುಗ ಅದರಿಂದ ಕೆಳಗೆ ನೋಡುತ್ತಾನೆ. ಗಂಡ ದಿನಾ ರಾತ್ರಿ ಸುಸ್ತಾಗಿ ಬರುತ್ತಾನೆ, ಉಣ್ಣುತ್ತಾನೆ, ಮಾತಿಲ್ಲದೆ ಹೆಂಡತಿಯ ಹತ್ತಿರ ಹೋಗುತ್ತಾನೆ, ನಿದ್ದೆ ಮಾಡುತ್ತಾನೆ. ಒಂದು ದಿನ ಹುಡುಗ ಕೆಳಗಿಳಿದು ಬರುತ್ತಾನೆ. ಕಥೆ ಮುಗಿಯುವುದು ಗುಂಡಿನ ಸದ್ದಿನಲ್ಲಿ.

ನಿನಗೆ ಸಿಗುವ ತುಣುಕಿನಲ್ಲಿ ಆ ತೂತು ಇರಲ್ಲ. ಗಂಡ ಕೆಲಸದಿಂದ ಬಂದು ಬಂದೂಕು ಬಿಚ್ಚಿಡುವುದು ಇರಲ್ಲ. ಅದು ಯಾವ ವರ್ಷದ ಮನಿಲಾ ಅನ್ನುವುದೂ ಇರಲ್ಲ. ವಿರೋಧ ಪಕ್ಷದ ನಾಯಕ ಬೆನಿಗ್ನೋ ಅಕೀನೋ ಅವರನ್ನು 1983ರಲ್ಲಿ ವಿಮಾನ ನಿಲ್ದಾಣದಲ್ಲೇ ಕೊಂದಿದ್ದರು. ಪೆಸೊ ಕುಸಿದಿತ್ತು. ಜನರ ಕೆಲಸ ಹೋಗುತ್ತಿತ್ತು. ಎಲ್ಲರೂ ಯಾರದೋ ತೂತಿನಿಂದ ಯಾರನ್ನೋ ನೋಡುತ್ತಿದ್ದ ಕಾಲ ಅದು. ಆ ಸಿನಿಮಾ ನೋಡುವಾಗ ನನಗೆ ಉಸಿರು ಕಟ್ಟುತ್ತದೆ. ತುಣುಕು ನೋಡಿದವನಿಗೆ ಆ ಉಸಿರು ಕಟ್ಟುವುದು ಗೊತ್ತೇ ಆಗಲ್ಲ.

ಇನ್ನೊಂದು ವಿಷಯ ನೀನು ತಿಳಿಯಬೇಕು. ಆ ಕಾಲದ ಬೋಲ್ಡ್ ಸಿನಿಮಾಗಳಿಗೆ ಬಡ ಮನೆಗಳಿಂದ ಎಳೆಯ ಹುಡುಗಿಯರನ್ನು ತರುತ್ತಿದ್ದರು. ಅವರಲ್ಲಿ ಕೆಲವರಿಗೆ ತಂಪು ಪಾನೀಯಗಳ ಹೆಸರಿಟ್ಟರು. ಪೆಪ್ಸಿ, ಕೋಕಾ, ಸಾರ್ಸಿ. ಕುಡಿದು ಬಾಟಲಿ ಇಟ್ಟುಬಿಡುವ ವಸ್ತುವಿನ ಹೆಸರು. ಪೆಪ್ಸಿ ಅನ್ನುವ ಹೆಸರು ಹೊತ್ತ ಹುಡುಗಿ 1985ರಲ್ಲಿ, 20 ತುಂಬುವ ಮೊದಲೇ ತೀರಿಕೊಂಡಳು. ಹಾಗಾಗಿ ಫಿಲಿಪ್ಪೀನ್ಸ್‌ನ ಎಲ್ಲಾ ಬೋಲ್ಡ್ ಸಿನಿಮಾಗಳೂ ಕಲೆ ಅಂತ ನಾನು ಖಂಡಿತ ಹೇಳಲ್ಲ. ಜಾಸ್ತಿ ಸಿನಿಮಾಗಳು ಬಡತನವನ್ನು ಹಿಂದಿನ ಪರದೆಯ ಹಾಗೆ ಇಳಿಬಿಟ್ಟು ಮುಂದೆ ಮೈ ಮಾರಿದವು. ಅವುಗಳ ಪರವಾಗಿ ನನ್ನ ಹತ್ತಿರ ಒಂದು ಮಾತೂ ಇಲ್ಲ.

ಆದರೆ ಅದೇ ಗುಂಪಿನಿಂದಲೇ ಜಾಕ್ಲಿನ್ ಹೋಸೆ ಬಂದರು. 1980ರ ದಶಕದಲ್ಲಿ ಬೋಲ್ಡ್ ಚಿತ್ರಗಳಲ್ಲಿ ಶುರು ಮಾಡಿದ ನಟಿ. ನೀವೆಲ್ಲ ಆ ಭಾನುವಾರ ನೋಡಿದ 'ಸೆರ್ಬಿಸ್'ನಲ್ಲಿ ನೈಡಾ ಪಾತ್ರ ಮಾಡಿದವರು ಅವರೇ. ಆಂಖೆಲೆಸ್ ಪಟ್ಟಣದ ಒಂದು ಹಳೇ ಟಾಕೀಸು. ಹೆಸರು 'ಫ್ಯಾಮಿಲಿ'. ತೋರಿಸುವುದು ಸೆಕ್ಸ್ ಸಿನಿಮಾ. ಕತ್ತಲಲ್ಲಿ ಹುಡುಗರು ಬಂದು "ಸೆರ್ಬಿಸ್?", ಅಂದರೆ ಸೇವೆ ಬೇಕಾ, ಅಂತ ಕೇಳುತ್ತಾರೆ, ಗಿರಾಕಿ ಹುಡುಕುತ್ತಾರೆ. ಆ ಟಾಕೀಸು ನಡೆಸುವ ಕುಟುಂಬ ಅಲ್ಲೇ ಮೇಲೆ ವಾಸ ಮಾಡುತ್ತದೆ. ಅಜ್ಜಿ ಫ್ಲೋರ್ ಗಂಡನ ಎರಡನೇ ಮದುವೆಯ ಕೇಸಿಗಾಗಿ ಕೋರ್ಟಿಗೆ ಹೋಗಿದ್ದಾಳೆ. ಅವಳ ಮಗಳು ನೈಡಾ ಅನ್ನ ಬಡಿಸಬೇಕು, ಟಿಕೆಟ್ ನೋಡಬೇಕು, ಮಗನನ್ನು ನೋಡಬೇಕು. ಚಿಕ್ಕ ಹುಡುಗ ಮೂರು ಗಾಲಿ ಸೈಕಲ್ ತುಳಿಯುತ್ತಾ ಅದೇ ಕಾರಿಡಾರಿನಲ್ಲಿ ಓಡಾಡುತ್ತಾನೆ. ಒಂದು ಸಲ ಮೇಕೆಯೊಂದು ಪರದೆಯ ಮುಂದೆ ಬಂದುಬಿಡುತ್ತದೆ. ಹೊರಗಿನ ರಸ್ತೆಯ ಹಾರ್ನು ಒಂದು ಕ್ಷಣವೂ ನಿಲ್ಲಲ್ಲ.

ಎದ್ದುಹೋದವರಿಗೆ ಕಾಮ ಮಾತ್ರ ಕಂಡಿತು. ನನಗೆ ಕಂಡದ್ದು ಮೆಟ್ಟಿಲು. ಆ ಮನೆಯವರು ಇಡೀ ದಿನ ಹತ್ತಿ ಇಳಿಯುತ್ತಲೇ ಇರುತ್ತಾರೆ. ಬೇರೆಯವರ ಕಾಮದ ಪಕ್ಕದಲ್ಲೇ ಹಾದು ಹೋಗಿ ಸಾರು ಬಿಸಿ ಮಾಡುತ್ತಾರೆ. ವಠಾರದಲ್ಲಿ ನಾವು ಕೇಳಿಸಿದ್ದನ್ನು ಕೇಳಿಸದ ಹಾಗೆ ಇದ್ದೆವಲ್ಲ, ಅವರು ಕಂಡದ್ದನ್ನು ಕಾಣದ ಹಾಗೆ ಬದುಕುತ್ತಾರೆ. ಆ ದೃಶ್ಯಗಳನ್ನು ತೆಗೆದರೆ ಅವರು ಯಾವುದನ್ನು ಕಾಣದ ಹಾಗೆ ಇದ್ದಾರೆ ಅನ್ನುವುದೇ ನಮಗೆ ತಿಳಿಯಲ್ಲ, ಅಲ್ವಾ?

ಎಂಟು ವರ್ಷದ ಮೇಲೆ, 2016ರಲ್ಲಿ, ಅದೇ ಮೆಂಡೋಸಾ ಅವರ 'ಮಾ ರೋಸಾ' ಚಿತ್ರಕ್ಕೆ ಜಾಕ್ಲಿನ್ ಹೋಸೆ ಅವರಿಗೆ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಆ ಪ್ರಶಸ್ತಿ ಪಡೆದ ಮೊದಲ ಫಿಲಿಪ್ಪೀನೋ ನಟಿ ಅವರು. ಚಿಲ್ಲರೆ ಅಂಗಡಿ ಇಟ್ಟುಕೊಂಡು ಜೊತೆಗೆ ಡ್ರಗ್ಸ್ ಮಾರುವ ತಾಯಿಯ ಪಾತ್ರ. ಪೊಲೀಸರು ಹಿಡಿದು ದುಡ್ಡು ಕೇಳುತ್ತಾರೆ. ಮಕ್ಕಳು ಹೊಂದಿಸಲು ಹೊರಡುತ್ತಾರೆ. ಒಬ್ಬ ಟಿವಿ ಮಾರುತ್ತಾನೆ, ಒಬ್ಬ ತನ್ನ ಮೈ ಮಾರುತ್ತಾನೆ. ಸಿನಿಮಾ ಇವೆರಡರ ನಡುವೆ ದನಿ ಏರಿಸಲ್ಲ. ಕೊನೆಯಲ್ಲಿ ತಾಯಿ ಬೀದಿಬದಿ ನಿಂತು ಕಡ್ಡಿಗೆ ಚುಚ್ಚಿದ ಮೀನುಂಡೆ ತಿನ್ನುತ್ತಾಳೆ. ತಿನ್ನುತ್ತಾ ತಿನ್ನುತ್ತಾ ಕಣ್ಣು ತುಂಬುತ್ತದೆ. 2024ರ ಮಾರ್ಚಿನಲ್ಲಿ ಅವರು ತೀರಿಕೊಂಡ ಸುದ್ದಿ ಬಂದಾಗ ನಾನು ಆ ಒಂದು ದೃಶ್ಯವನ್ನು ಮತ್ತೆ ಹಾಕಿಕೊಂಡು ನೋಡಿದೆ.

ಅವರ ಭಾಷೆಯಲ್ಲಿ ಒಂದು ಗಾದೆ ಇದೆ. ಇಕ್ಕಟ್ಟಿಗೆ ಸಿಕ್ಕಿದವನು ಚೂರಿಯ ಅಲಗನ್ನೇ ಹಿಡಿದುಕೊಳ್ಳುತ್ತಾನೆ ಅಂತ. ಮುಳುಗುವವನಿಗೆ ಹುಲ್ಲುಕಡ್ಡಿ ಆಸರೆ ಅಂತ ನಾವು ಹೇಳುತ್ತೇವೆ. ಆದರೆ ಹುಲ್ಲುಕಡ್ಡಿ ಕೈ ಕೊಯ್ಯುವುದಿಲ್ಲ. ಬ್ರೋಕಾ 1984ರ ತಮ್ಮ ಚಿತ್ರಕ್ಕೆ ಆ ಗಾದೆಯನ್ನೇ ಹೆಸರಾಗಿ ಇಟ್ಟರು. ಅದರ ಸೆನ್ಸಾರ್ ಜಗಳ ಅಲ್ಲಿಯ ಸುಪ್ರೀಂ ಕೋರ್ಟ್ ತನಕ ಹೋಯಿತು. 1985ರ ಶುರುವಿನಲ್ಲಿ ಜೀಪ್ನಿ ಅನ್ನುವ ಬಾಡಿಗೆ ಗಾಡಿಗಳ ಚಾಲಕರ ಮುಷ್ಕರಕ್ಕೆ ಬೆಂಬಲ ಕೊಟ್ಟಿದ್ದಕ್ಕೆ ಅವರನ್ನು ಜೈಲಿಗೂ ಹಾಕಿದರು.

ಇಂಥ ಸಿನಿಮಾಗಳ ಬಗ್ಗೆ ಅಲ್ಲಿಯವರಿಗೇ ತಕರಾರಿದೆ, ಅದನ್ನೂ ಹೇಳಬೇಕು. ಸ್ಲಂ ತೋರಿಸಿ ವಿದೇಶದ ಚಿತ್ರೋತ್ಸವಗಳಲ್ಲಿ ಹೆಸರು ಮಾಡುತ್ತಾರೆ ಅನ್ನುವುದು ಹಳೇ ದೂರು. 2011ರಲ್ಲಿ ಅದನ್ನೇ ಗೇಲಿ ಮಾಡುವ ಒಂದು ಸಿನಿಮಾ ಅಲ್ಲಿ ಬಂದು ಚೆನ್ನಾಗಿ ಓಡಿತು. ಆ ದೂರಿನಲ್ಲಿ ಸತ್ಯವಿದೆ. ಮೆಂಡೋಸಾ ಅವರ ಕೆಲವು ಚಿತ್ರಗಳಲ್ಲಿ ಕ್ಯಾಮೆರಾ ಬೇಕಾದ್ದಕ್ಕಿಂತ ಜಾಸ್ತಿ ಹೊತ್ತು ನಿಲ್ಲುತ್ತದೆ ಅಂತ ನನಗೂ ಅನ್ನಿಸಿದೆ. ಆದರೆ ಆ ಜಗಳ ನೋಡಿದವರ ಜಗಳ. ನೋಡಿ, ಆಮೇಲೆ ಬೈಯಿರಿ. ಮೇಷ್ಟ್ರೇ, ನೀವು ಬೈದರೆ ನಾನು ಕೂತು ಕೇಳುತ್ತೇನೆ.

ಮಾರ್ಕೋಸ್ ಹೋದರೂ ಕತ್ತರಿ ಹೋಗಲಿಲ್ಲ. 2001ರಲ್ಲಿ 'ಲೈವ್ ಶೋ' ಅನ್ನುವ ಚಿತ್ರ ಬಂತು. ಹೊಟ್ಟೆಪಾಡಿಗೆ ವೇದಿಕೆ ಮೇಲೆ ಸೆಕ್ಸ್ ಪ್ರದರ್ಶನ ಮಾಡುವ ಮನಿಲಾದ ಬಡ ಹುಡುಗ ಹುಡುಗಿಯರ ಕಥೆ. ಚರ್ಚಿನ ಹಿರಿಯರು ವಿರೋಧಿಸಿದರು. ಆಗಷ್ಟೇ ಅಧಿಕಾರಕ್ಕೆ ಬಂದಿದ್ದ ಅಧ್ಯಕ್ಷೆ ಗ್ಲೋರಿಯಾ ಅರೋಯೊ ಚಿತ್ರವನ್ನು ಟಾಕೀಸಿನಿಂದ ತೆಗೆಸಿದರು. ಸಿನಿಮಾ ಪರಿಶೀಲನಾ ಮಂಡಳಿಯ ಅಧ್ಯಕ್ಷ ನಿಕನೋರ್ ತಿಯೋಂಗ್ಸನ್ ರಾಜೀನಾಮೆ ಕೊಟ್ಟು ಹೊರಬಂದರು. ಕತ್ತರಿ ಕೈಯಲ್ಲಿದ್ದವರೇ ಇದು ತಪ್ಪು ಅಂತ ಕುರ್ಚಿ ಬಿಟ್ಟದ್ದು ನನಗೆ ದೊಡ್ಡದಾಗಿ ಕಾಣುತ್ತದೆ. ಆ ಮಂಡಳಿಯನ್ನು ಹುಟ್ಟುಹಾಕಿದ್ದು ಮಾರ್ಕೋಸ್ 1985ರಲ್ಲಿ ಹೊರಡಿಸಿದ ಆದೇಶ. ದೇಶದ, ಜನರ ಘನತೆಗೆ ಧಕ್ಕೆ ತರುವ ಚಿತ್ರವನ್ನು ತಡೆಯಬಹುದು ಅಂತ ಅದರಲ್ಲಿ ಬರೆದಿದೆ. ಮತ್ತೆ ಅದೇ ಬಿಳಿ ಬೇಲಿ.

ಬ್ರೋಕಾ 1986ರಲ್ಲಿ ಹೊಸ ಸಂವಿಧಾನ ಬರೆಯುವ ಆಯೋಗದಲ್ಲಿದ್ದರು. ನಡುವೆಯೇ ಮನಸ್ಸು ಮುರಿದು ರಾಜೀನಾಮೆ ಕೊಟ್ಟರು. ಆದರೆ 1987ರ ಸಂವಿಧಾನದಲ್ಲಿ ಮಾತಿನ, ಪತ್ರಿಕೆಯ ಸ್ವಾತಂತ್ರ್ಯದ ಜೊತೆಗೆ 'ಅಭಿವ್ಯಕ್ತಿ' ಅನ್ನುವ ಪದ ಸೇರಿದ್ದು ಅವರಿಂದ ಅಂತ ಅಲ್ಲಿಯವರು ಇಂದಿಗೂ ನೆನೆಯುತ್ತಾರೆ. 1991ರಲ್ಲಿ ಕಾರು ಅಪಘಾತದಲ್ಲಿ ಹೋದಾಗ ಅವರಿಗೆ ಇನ್ನೂ 52.

ಹಿರಿಯರೇ, ನನ್ನ ಬೇಡಿಕೆ ಇಷ್ಟು. ಕತ್ತರಿಸಿ ತೋರಿಸಿ ಅಂತ ಕೇಳಬೇಡಿ. ಇನ್ನು ಮುಂದೆ 18 ದಾಟಿದವರಿಗೆ ಮಾತ್ರ ಅಂತ ಬೋರ್ಡ್ ಹಾಕುತ್ತೇವೆ. ಯಾವ ಥರದ ದೃಶ್ಯ ಇದೆ ಅಂತ ಶುರುವಿನಲ್ಲೇ ನಿಂತು ಹೇಳುತ್ತೇವೆ. ಬೇಡ ಅನ್ನಿಸಿದವರು ಆಗಲೇ ಹೋಗಬಹುದು. ಮುಗಿದ ಮೇಲೆ ಅರ್ಧ ಗಂಟೆ ಮಾತಿಗೆ ಇಟ್ಟುಕೊಳ್ಳುತ್ತೇವೆ. ಇಷ್ಟಕ್ಕೂ ಒಪ್ಪದಿದ್ದರೆ ಬೇರೆ ಜಾಗ ಹುಡುಕುತ್ತೇನೆ, ಬೇಸರ ಮಾಡಿಕೊಳ್ಳಲ್ಲ.

ಮುಂದಿನ ತಿಂಗಳ ಎರಡನೇ ಭಾನುವಾರ 'ಇನ್ಸಿಯಾಂಗ್' ಇದೆ, ಸಂಜೆ 5ಕ್ಕೆ. 1978ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದ ಮೊದಲ ಫಿಲಿಪ್ಪೀನೋ ಚಿತ್ರ. 2015ರಲ್ಲಿ ಅದನ್ನು ಹೊಸದಾಗಿ ಸರಿಪಡಿಸಿದ್ದಾರೆ, ಈಗ ಚಿತ್ರ ಸ್ಪಷ್ಟವಾಗಿದೆ, ಗೋಡೆಯ ಹಲಗೆಗಳ ಸಂದು ಕೂಡ ಕಾಣುತ್ತದೆ. ಮೇಷ್ಟ್ರೇ, ನೀವು ಬನ್ನಿ. ಅಮ್ಮನವರನ್ನೂ ಕೇಳಿ, ಬರುತ್ತೇನೆ ಅಂದರೆ ಕರೆತನ್ನಿ. ತಮ್ಮಾ, ನೀನೂ ಬಾ, ಪೆನ್‌ಡ್ರೈವ್ ಮನೆಯಲ್ಲಿಟ್ಟು ಬಾ. ಹಿಂದಿನ ಸಾಲಿನಲ್ಲಿ ನಿನಗೊಂದು ಕುರ್ಚಿ ಇಟ್ಟಿರುತ್ತೇನೆ.

ನಿಮ್ಮ,
ಚಿತ್ರಕೂಟದ ಅಕ್ಕ